ಮೋಡದ ಪೆಟ್ಟಿಗೆಯ ಹೆಜ್ಜೆಗುರುತು

ವಿಕಿರಣವನ್ನು ಕುರಿತ ನಮ್ಮ ಉಪನ್ಯಾಸ ಕಾರ್ಯಕ್ರಮವನ್ನು ನೋಡಿದವರಿಗೆ ಸೊರಬದ ಆ ದೃಶ್ಯ ನೆನಪಿರಬಹುದು. ಪ್ರೌಢಶಾಲೆಯೊಂದರ ಕೋಣೆ. ಕಿಟಕಿಗಳಿಗೆಲ್ಲ ಕಪ್ಪು ಬಟ್ಟೆ. ಮೇಜಿನ ಮೇಲೆ, ಮೀನು ಸಾಕುವಂಥ ಗಾಜಿನ ತೊಟ್ಟಿಯೊಂದನ್ನು ಬೋರಲು ಹಾಕಿದೆ. ಪಕ್ಕದಿಂದ ಒಂದು ಟಾರ್ಚಿನ ಬೆಳಕು. ತೊಟ್ಟಿಯ ತಳದಲ್ಲಿ ಎರಡು ಬೆರಳಿನಷ್ಟು ಎತ್ತರಕ್ಕೆ ತೆಳ್ಳನೆಯ ಮಂಜು. ಆ ಮಂಜಿನೊಳಗೆ, ಯಾರೂ ಮುಟ್ಟದೆ, ಯಾರೂ ಊದದೆ, ಬಿಳಿಯ ದಾರದಂಥ ಎಳೆಗಳು ಇದ್ದಕ್ಕಿದ್ದಂತೆ ಹುಟ್ಟುತ್ತವೆ; ಒಂದೆರಡು ಕ್ಷಣ ತೇಲಿ ಕರಗುತ್ತವೆ. ಮಕ್ಕಳು ಮೊದಲು ಕೂಗಿದರು. ಆಮೇಲೆ ಎಣಿಸತೊಡಗಿದರು. ಎಣಿಕೆ ನೂರು ದಾಟುವ ಹೊತ್ತಿಗೆ ಹಿಂದಿನ ಬೆಂಚಿನಲ್ಲಿ ಕೂತಿದ್ದ ಹಿರಿಯ ಅಡಿಕೆ ಬೆಳೆಗಾರರೊಬ್ಬರು ಎದ್ದು ನಿಂತು ಕೇಳಿದರು:

"ಇದೆಲ್ಲ ಕೈಗಾದಿಂದ ಬರೋದಾ ಸಾರ್?"

ನಮ್ಮ ಉಪನ್ಯಾಸಕರು ಕೊಟ್ಟ ಉತ್ತರ ಆರು ನಿಮಿಷದ್ದು. ಸಂಕಲನದ ಮೇಜಿನ ಮೇಲೆ ಅದನ್ನು ನಲವತ್ತು ಸೆಕೆಂಡಿಗೆ ಇಳಿಸಿದವನು ನಾನೇ. ಅರ್ಧ ಗಂಟೆಯ ಕಾರ್ಯಕ್ರಮದಲ್ಲಿ ಬೇರೆ ದಾರಿ ಇರಲಿಲ್ಲ ಎನ್ನುವುದು ನಿಜ. ಆದರೆ ಪ್ರಶ್ನೆ ಅಷ್ಟು ಸಣ್ಣದಲ್ಲ. ಕೈಗಾ ಅಣು ವಿದ್ಯುತ್ ಸ್ಥಾವರಕ್ಕೂ ಸೊರಬಕ್ಕೂ ನೇರ ಗೆರೆ ಎಳೆದರೆ ಸುಮಾರು 90 ಕಿಲೋಮೀಟರು. ನಡುವೆ ಘಟ್ಟದ ಕಾಡು. ಆ ಸ್ಥಾವರವನ್ನು ವಿರೋಧಿಸಿ 1989ರಲ್ಲಿ ಶಿವರಾಮ ಕಾರಂತರಂಥವರೇ ಲೋಕಸಭೆಯ ಚುನಾವಣೆಗೆ ನಿಂತಿದ್ದರು. ಅಂದಿನಿಂದ ಮಲೆನಾಡಿನ ಮನೆಗಳಲ್ಲಿ ಈ ಪ್ರಶ್ನೆ ಒಂದಲ್ಲ ಒಂದು ರೂಪದಲ್ಲಿ ಇದ್ದೇ ಇದೆ. ಪೆಟ್ಟಿಗೆ ತೋರಿಸಿದ್ದೇನು, ತೋರಿಸದೆ ಬಿಟ್ಟದ್ದೇನು ಎಂದು ತಿಳಿಯಬೇಕಾದರೆ ಅದು ಹುಟ್ಟಿ ಬೆಳೆದ ಕಥೆಯನ್ನೇ ನೋಡಬೇಕು. ಪರದೆಯ ಮೇಲೆ ಹಿಡಿಸದೆ ಹೋದ ಆ ಕಥೆಗೆ ಈ ಪುಟಗಳು.

ಕಥೆ ಶುರುವಾಗುವುದು ಒಂದು ಬೆಟ್ಟದ ತುದಿಯಲ್ಲಿ. ಸ್ಕಾಟ್ಲೆಂಡಿನ ಬೆನ್ ನೆವಿಸ್ ಶಿಖರದ ಎತ್ತರ 1345 ಮೀಟರು. ನಮ್ಮದೇ ಶಿವಮೊಗ್ಗ ಜಿಲ್ಲೆಯ ಕೊಡಚಾದ್ರಿ 1343 ಮೀಟರು; ಅಂದರೆ ಒಂದಾಳು ಎತ್ತರದಷ್ಟೇ ವ್ಯತ್ಯಾಸ. ಮಳೆಗಾಲ ಮುಗಿಯುವ ಹೊತ್ತಿಗೆ ಕೊಡಚಾದ್ರಿಯ ಸರ್ವಜ್ಞ ಪೀಠದ ಬಳಿ ನಿಂತು ಕಾಲ ಕೆಳಗೆ ಮೋಡ ಹರಿಯುವುದನ್ನು ಕಂಡವರಿಗೆ ಬೆನ್ ನೆವಿಸ್‌ನ ನೋಟವನ್ನು ಬಣ್ಣಿಸಬೇಕಿಲ್ಲ. ಆ ಶಿಖರದ ಮೇಲೆ 1883ರಿಂದ 1904ರವರೆಗೆ ಒಂದು ಹವಾಮಾನ ವೀಕ್ಷಣಾಲಯವಿತ್ತು. 1894ರ ಸೆಪ್ಟೆಂಬರಿನಲ್ಲಿ ಅಲ್ಲಿನ ಖಾಯಂ ಸಿಬ್ಬಂದಿಗೆ ರಜೆ ಕೊಡಲೆಂದು ಎರಡು ವಾರದ ಮಟ್ಟಿಗೆ ಬದಲಿಯಾಗಿ ಹೋದವರು ಸಿ. ಟಿ. ಆರ್. ವಿಲ್ಸನ್. ರೈತ ಕುಟುಂಬದ ಮಗ. ಆಗ ಇಪ್ಪತ್ತೈದು ವರ್ಷ. ಬೆಳಗಿನ ಬಿಸಿಲು ಬೆನ್ನ ಹಿಂದಿನಿಂದ ಬಿದ್ದಾಗ ಎದುರಿನ ಮೋಡದ ಮೇಲೆ ತನ್ನ ನೆರಳು, ಆ ನೆರಳಿನ ತಲೆಯ ಸುತ್ತ ಬಣ್ಣದ ಬಳೆಗಳು. ಇದನ್ನು ಕಂಡು ಬೆರಗಾದ ವಿಲ್ಸನ್, ಇಂಥ ಮೋಡವನ್ನು ಪ್ರಯೋಗಾಲಯದಲ್ಲಿ ತಾನೇ ಮಾಡಿ ನೋಡಬೇಕೆಂದು ಹೊರಟರು. ಅಣುವಿನ ಒಳಗನ್ನು ನೋಡುವ ಉದ್ದೇಶ ಅವರಿಗೆ ಕಿಂಚಿತ್ತೂ ಇರಲಿಲ್ಲ ಎಂಬುದನ್ನು ಒತ್ತಿ ಹೇಳಬೇಕು.

ಮೋಡ ಮಾಡುವ ವಿದ್ಯೆ ಆಗಲೇ ಗೊತ್ತಿತ್ತು. ಗಾಜಿನ ಪಾತ್ರೆಯಲ್ಲಿ ತೇವಭರಿತ ಗಾಳಿಯನ್ನು ತುಂಬಿ, ಅದನ್ನು ತಟ್ಟನೆ ಹಿಗ್ಗಲು ಬಿಟ್ಟರೆ ಗಾಳಿ ತಣ್ಣಗಾಗುತ್ತದೆ. ಹಿಡಿದಿಡಲಾಗದ ನೀರಾವಿ ಹನಿಯಾಗಿ ಇಳಿಯುತ್ತದೆ. ಮನೆಯಲ್ಲಿಯೇ ಮಾಡಿ ನೋಡಬಹುದು. ಪ್ಲಾಸ್ಟಿಕ್ ಬಾಟಲಿಯಲ್ಲಿ ಒಂದು ಚಮಚ ಬೆಚ್ಚಗಿನ ನೀರು ಹಾಕಿ, ಆರಿಸಿದ ಬೆಂಕಿಕಡ್ಡಿಯ ಹೊಗೆಯನ್ನು ಒಳಗೆ ಬಿಟ್ಟು, ಮುಚ್ಚಳ ಬಿಗಿದು ಬಾಟಲಿಯನ್ನು ಹಿಚುಕಿ ಬಿಡಿ: ಒಳಗೆ ಮಬ್ಬು ಕವಿಯುತ್ತದೆ. ಹೊಗೆ ಹಾಕದೆ ಮಾಡಿದರೆ ಮಬ್ಬು ಕಾಣುವುದು ಕಷ್ಟ. ಏಕೆಂದರೆ ಹನಿಗೆ ಕೂರಲು ಒಂದು ಜಾಗ ಬೇಕು. ಆ ಜಾಗವನ್ನು ಗಾಳಿಯ ದೂಳು ಒದಗಿಸುತ್ತದೆ ಎಂದು 1880ರ ದಶಕದಲ್ಲಿ ಜಾನ್ ಐಟ್ಕನ್ ಎಂಬ ಮತ್ತೊಬ್ಬ ಸ್ಕಾಟ್ಲೆಂಡಿನವರು ವಿವರವಾಗಿ ತೋರಿಸಿದ್ದರು. ದೂಳಿಲ್ಲದಿದ್ದರೆ ಮೋಡವಿಲ್ಲ ಎಂದು ಲೋಕ ನಂಬಿತು.

ಕೇಂಬ್ರಿಜ್‌ನ ಕ್ಯಾವೆಂಡಿಷ್ ಪ್ರಯೋಗಾಲಯದಲ್ಲಿ 1895ರಲ್ಲಿ ಕೆಲಸಕ್ಕೆ ಕೂತ ವಿಲ್ಸನ್, ದೂಳನ್ನೆಲ್ಲ ತೆಗೆದ ಶುದ್ಧ ಗಾಳಿಯಲ್ಲೂ ಹನಿ ಮೂಡುವುದನ್ನು ಕಂಡರು. ಆದರೆ ಒಂದು ಷರತ್ತು: ಗಾಳಿಯ ಗಾತ್ರ ಮೊದಲಿನ 1.25 ಪಟ್ಟಿಗಿಂತ ಹೆಚ್ಚು ಹಿಗ್ಗಬೇಕು. ಅದಕ್ಕಿಂತ ಕಡಿಮೆಯಾದರೆ ಏನೂ ಇಲ್ಲ. ಹೆಚ್ಚಾದರೆ ಕೆಲವೇ ಹನಿ. ದೂಳಿಲ್ಲದ ಮೇಲೆ ಹನಿ ಕೂತದ್ದು ಯಾವುದರ ಮೇಲೆ? ವಿದ್ಯುದಂಶ ಹೊತ್ತ ಅಣುಗಳ ಮೇಲೆ, ಅಂದರೆ ಅಯಾನುಗಳ ಮೇಲೆ ಎಂದು ವಿಲ್ಸನ್ ಊಹಿಸಿದರು. ಆ ಹೊತ್ತಿಗೆ ಸರಿಯಾಗಿ, 1895ರ ಕೊನೆಯಲ್ಲಿ, ರಾಂಟ್‌ಜೆನ್ ಕ್ಷ-ಕಿರಣವನ್ನು ಕಂಡುಹಿಡಿದಿದ್ದರು. 1896ರ ಆರಂಭದಲ್ಲಿ ವಿಲ್ಸನ್ ತಮ್ಮ ಪಾತ್ರೆಯ ಮೇಲೆ ಆ ಕಿರಣವನ್ನು ಬಿಟ್ಟರು. ಕೆಲವೇ ಹನಿ ಬೀಳುತ್ತಿದ್ದ ಜಾಗದಲ್ಲಿ ದಟ್ಟ ಮಂಜು ಕವಿಯಿತು. ಊಹೆ ನಿಂತಿತು.

ಇಲ್ಲಿಂದ ಕಣದ ಜಾಡಿಗೆ ಒಂದೇ ಹೆಜ್ಜೆ ಎಂದು ಇಂದು ನಮಗೆ ಅನಿಸುತ್ತದೆ. ಆ ಒಂದು ಹೆಜ್ಜೆಗೆ ಹದಿನೈದು ವರ್ಷ ಹಿಡಿಯಿತು. ನಡುವೆ ವಿಲ್ಸನ್ ವಾತಾವರಣದ ವಿದ್ಯುತ್ತಿನ ಅಧ್ಯಯನಕ್ಕೆ ಹೊರಳಿದರು. ಅತ್ತ ರದರ್‌ಫರ್ಡ್ ಮೊದಲಾದವರು, ವಿಕಿರಣಪಟು ವಸ್ತುಗಳು ಉಗುಳುವ ಆಲ್ಫಾ ಕಣ ಗಾಳಿಯಲ್ಲಿ ನೇರ ದಾರಿಯಲ್ಲಿ ಸಾಗುತ್ತ ದಾರಿಯುದ್ದಕ್ಕೂ ಅಣುಗಳಿಂದ ಎಲೆಕ್ಟ್ರಾನ್ ಕಿತ್ತು ಅಯಾನುಗಳ ಸಾಲನ್ನು ಬಿಟ್ಟು ಹೋಗುತ್ತದೆ ಎಂದು ಸಾಧಿಸಿದರು. ಅಯಾನಿನ ಮೇಲೆ ಹನಿ ಕೂರುವುದು ನಿಜವಾದರೆ, ಅಯಾನುಗಳ ಸಾಲಿನ ಮೇಲೆ ಹನಿಗಳ ಸಾಲು ಕೂರಬೇಕು. ಆ ಸಾಲು ಗಾಳಿಯಲ್ಲಿ ಕದಡುವ ಮೊದಲೇ ಹಿಗ್ಗಿಸಿ, ಆ ಕ್ಷಣಕ್ಕೇ ಬೆಳಕು ಕೊಟ್ಟು ಚಿತ್ರ ತೆಗೆಯಬೇಕು. ಗಾಜನ್ನು ಊದಿ ಉಪಕರಣ ಮಾಡುವುದರಲ್ಲಿ ವಿಲ್ಸನ್ ಸ್ವತಃ ಪಳಗಿದವರು. ಪಾದರಸದ ಆವಿಯ ಮೂಲಕ ಲೇಡನ್ ಜಾಡಿಯ ವಿದ್ಯುತ್ ಕಿಡಿಯನ್ನು ಹಾಯಿಸಿ ಮಿಂಚಿನಂಥ ಬೆಳಕನ್ನು ಹೊಂದಿಸಿಕೊಂಡರು. 1911ರಲ್ಲಿ ಮೊದಲ ಜಾಡುಗಳು ಕಂಡವು, ಚಿತ್ರಗಳು ಪ್ರಕಟವಾದವು. ಪರಮಾಣುವಿಗಿಂತ ಚಿಕ್ಕದಾದ ಒಂದೇ ಒಂದು ಕಣ ನಡೆದ ದಾರಿಯನ್ನು ಮನುಷ್ಯ ಅದೇ ಮೊದಲು ಕಣ್ಣಾರೆ ಕಂಡದ್ದು. 1927ರ ನೊಬೆಲ್ ಬಹುಮಾನದಲ್ಲಿ ವಿಲ್ಸನ್ನರಿಗೆ ಅರ್ಧ ಪಾಲು ಸಂದಿತು. ಉಳಿದರ್ಧ ಆರ್ಥರ್ ಕಾಂಪ್ಟನ್‌ರಿಗೆ.

ಕಂಡದ್ದು ಕಣವಲ್ಲ ಎಂಬ ಮಾತನ್ನು ಇಲ್ಲಿಯೇ ಹೇಳಿಬಿಡುವುದು ಒಳ್ಳೆಯದು. ಕೆಸರು ಗದ್ದೆಯ ಬದುವಿನ ಮೇಲೆ ಹೆಜ್ಜೆ ಮೂಡಿದ್ದರೆ ನಾವು ಕಾಣುವುದು ಕಾಲನ್ನಲ್ಲ. ಐದು ದಶಲಕ್ಷ ಎಲೆಕ್ಟ್ರಾನ್ ವೋಲ್ಟ್ ಶಕ್ತಿಯ ಆಲ್ಫಾ ಕಣವೊಂದು ಗಾಳಿಯಲ್ಲಿ ಮೂರೂವರೆ ಸೆಂಟಿಮೀಟರು ಸಾಗಿ ನಿಲ್ಲುವಷ್ಟರಲ್ಲಿ ಸುಮಾರು ಒಂದೂವರೆ ಲಕ್ಷ ಅಯಾನು ಜೋಡಿಗಳನ್ನು ಮಾಡಿರುತ್ತದೆ. ಮಂಜಿನ ಹನಿ ಕೂರುವುದು ಅವುಗಳ ಮೇಲೆ. ಹನಿ ಕಣ್ಣಿಗೆ ಕಾಣುವಷ್ಟು ದಪ್ಪವಾಗುವ ಹೊತ್ತಿಗೆ ಕಣ ತನ್ನ ಪಯಣವನ್ನು ಎಂದೋ ಮುಗಿಸಿರುತ್ತದೆ.

ನಾವು ಸೊರಬಕ್ಕೆ ಒಯ್ದದ್ದು ವಿಲ್ಸನ್ನರ ಯಂತ್ರವಲ್ಲ, ಅದರ ತಮ್ಮ. ವಿಲ್ಸನ್ನರ ಪಾತ್ರೆ ಹಿಗ್ಗಿದ ಕ್ಷಣದಲ್ಲಿ ಮಾತ್ರ ಕೆಲಸ ಮಾಡುತ್ತದೆ. ಮತ್ತೆ ಸಜ್ಜಾಗಲು ಸಮಯ ಬೇಕು. 1930ರ ದಶಕದಲ್ಲಿ ಅಮೆರಿಕದ ಅಲೆಕ್ಸಾಂಡರ್ ಲ್ಯಾಂಗ್ಸ್‌ಡಾರ್ಫ್ ಹಿಗ್ಗಿಸುವ ಗೋಜೇ ಇಲ್ಲದ ಪೆಟ್ಟಿಗೆಯನ್ನು ರೂಪಿಸಿದರು. ಮೇಲ್ಭಾಗ ಬೆಚ್ಚಗೆ, ತಳ ಕಡು ತಣ್ಣಗೆ. ಮೇಲೆ ಸ್ಪಿರಿಟ್ಟಿನಲ್ಲಿ ನೆನೆಸಿದ ದಪ್ಪ ಬಟ್ಟೆ. ಅದರಿಂದ ಆವಿ ಇಳಿಯುತ್ತ ಇಳಿಯುತ್ತ ತಣ್ಣಗಾಗಿ, ತಳದ ಹತ್ತಿರ ಒಂದು ತೆಳು ಪದರದಲ್ಲಿ ಹನಿಯಾಗಲು ನೆಪಕ್ಕಾಗಿ ಕಾಯುತ್ತಿರುತ್ತದೆ. ಕಣ ಹಾದದ್ದೇ ನೆಪ. ಇದು ಗಂಟೆಗಟ್ಟಲೆ ನಡೆಯುತ್ತದೆ. ಬೇಕಾದ್ದು ಗಾಜಿನ ತೊಟ್ಟಿ, ಲೋಹದ ತಟ್ಟೆ, ಐಸೊಪ್ರೊಪೈಲ್ ಆಲ್ಕೋಹಾಲ್, ಮತ್ತು ಸೊನ್ನೆಗಿಂತ 78 ಡಿಗ್ರಿ ಕೆಳಗಿರುವ ಡ್ರೈ ಐಸ್, ಎಂದರೆ ಗಟ್ಟಿಯಾದ ಇಂಗಾಲದ ಡೈ ಆಕ್ಸೈಡ್.

ಈ ಡ್ರೈ ಐಸೇ ನಮ್ಮನ್ನು ಶಿಕಾರಿಪುರದಲ್ಲಿ ಕೈಬಿಟ್ಟದ್ದು. ಮೊದಲ ಚಿತ್ರೀಕರಣ ಅಲ್ಲಿ. ಹಿಂದಿನ ರಾತ್ರಿ ಬೆಂಗಳೂರಿನಿಂದ ಥರ್ಮೋಕೋಲ್ ಪೆಟ್ಟಿಗೆಯಲ್ಲಿ ತುಂಬಿ ತಂದಿದ್ದೆವು. ಡ್ರೈ ಐಸ್ ಕರಗಿ ನೀರಾಗುವುದಿಲ್ಲ, ನೇರವಾಗಿ ಆವಿಯಾಗಿ ಹೋಗುತ್ತದೆ. ಆದ್ದರಿಂದ ವ್ಯಾನಿನಲ್ಲಿ ಹನಿ ನೀರೂ ಸೋರಲಿಲ್ಲ, ಯಾರಿಗೂ ಸುಳಿವು ಸಿಗಲಿಲ್ಲ. ಬೆಳಗ್ಗೆ ಮುಚ್ಚಳ ತೆಗೆದರೆ ಅರ್ಧಕ್ಕರ್ಧ ಮಾಯ. ಉಳಿದದ್ದನ್ನು ಹಾಕಿ ಪೆಟ್ಟಿಗೆ ಜೋಡಿಸಿದೆವು. ಆಗ ನನ್ನದೊಂದು ತಪ್ಪು ಸೇರಿತು. ಛಾಯಾಗ್ರಾಹಕರು ದೊಡ್ಡ ದೀಪಗಳನ್ನು ಹಚ್ಚಿದರು, ನಾನು ಬೇಡ ಎನ್ನಲಿಲ್ಲ. ಬೆಳಕು ಹೆಚ್ಚಿದಷ್ಟೂ ಚಿತ್ರ ಚೆನ್ನ ಎನ್ನುವುದು ನಮ್ಮ ಕಸುಬಿನವರಿಗೆ ರಕ್ತಗತ. ದೀಪದ ಶಾಖಕ್ಕೆ ಪೆಟ್ಟಿಗೆಯ ತಳದ ಪದರ ಕಲಕಿಹೋಯಿತು. ಎದುರಿನಿಂದ ಬಿದ್ದ ಬೆಳಕಿನಲ್ಲಿ ಇದ್ದ ಮಂಜೂ ಕಾಣಿಸಲಿಲ್ಲ. ಮುಕ್ಕಾಲು ಗಂಟೆ ಕಾದ ಮಕ್ಕಳು ಒಂದು ಗೆರೆಯನ್ನೂ ನೋಡದೆ ಊಟಕ್ಕೆ ಎದ್ದರು. ಹೋಗುವಾಗ ಒಬ್ಬ ಹುಡುಗ, "ಹಾಗಾದ್ರೆ ನಮ್ಮೂರಲ್ಲಿ ವಿಕಿರಣ ಇಲ್ಲ ಅಂತ ಆಯ್ತಲ್ವಾ ಸಾರ್" ಎಂದ.

ಆ ಮಾತು ಆಗ ನಗು ತರಿಸಿತು. ಸೊರಬದ ಹಿರಿಯರ ಪ್ರಶ್ನೆ ಕೇಳಿದ ಮೇಲೆ ಅದು ತಮಾಷೆಯಾಗಿ ಉಳಿಯಲಿಲ್ಲ. ಒಬ್ಬರು ಗೆರೆಗಳನ್ನು ಕಂಡು ಕೈಗಾದತ್ತ ಬೆರಳು ಮಾಡಿದ್ದರು. ಇನ್ನೊಬ್ಬ ಗೆರೆ ಕಾಣದ್ದಕ್ಕೆ ಊರಿಗೆ ನಿರಪಾಯ ಪತ್ರ ಕೊಟ್ಟಿದ್ದ. ಕಂಡದ್ದರಿಂದ ಏನನ್ನು ಹೇಳಬಹುದು, ಕಾಣದ್ದರಿಂದ ಏನನ್ನು ಹೇಳಬಹುದು? ವಿಲ್ಸನ್ನರ ನಂತರದ ಕಾಲು ಶತಮಾನ ವಿಜ್ಞಾನಿಗಳು ಹೆಣಗಿದ್ದು ಇದೇ ಪ್ರಶ್ನೆಯೊಡನೆ.

ಈ ಸೀಮೆಯವರಿಗೆ ಗುರುತು ಓದುವ ವಿದ್ಯೆ ಹೊಸದೇನಲ್ಲ. ತಾಳಗುಂದದ ಕಂಬ, ಬಳ್ಳಿಗಾವೆಯ ಶಾಸನಗಳು, ಸೊರಬದ ಹಳ್ಳಿಹಳ್ಳಿಯ ವೀರಗಲ್ಲುಗಳು. ಬಿ. ಎಲ್. ರೈಸ್ ಶಿಕಾರಿಪುರ ತಾಲೂಕಿನ ಶಾಸನಗಳನ್ನು 1902ರಲ್ಲಿ, ಸೊರಬದವನ್ನು 1904ರಲ್ಲಿ 'ಎಪಿಗ್ರಾಫಿಯ ಕರ್ನಾಟಿಕ'ದ ಸಂಪುಟಗಳಲ್ಲಿ ಪ್ರಕಟಿಸಿದರು. ಕಲ್ಲು ಸಿಕ್ಕಿತೆಂದರೆ ಇಲ್ಲೊಬ್ಬ ಕಾದಿ ಸತ್ತ ಎಂದು ಗೊತ್ತಾಯಿತು. ಯಾರು, ಯಾವಾಗ, ಯಾವ ಕಡೆಯವನು ಎಂದು ತಿಳಿಯಲು ಲಿಪಿಯ ರೂಪ, ಅರಸನ ಹೆಸರು, ಶಕವರ್ಷ ಇವೆಲ್ಲ ಬೇಕು. ಗೆರೆಯನ್ನು ಓದುವುದಕ್ಕೂ ಇಂಥ ಸಾಧನಗಳನ್ನು ಒಂದೊಂದಾಗಿ ಕಟ್ಟಬೇಕಾಯಿತು.

ಮೊದಲನೆಯದು ತಾಳ್ಮೆ. ಕೇಂಬ್ರಿಜ್‌ನ ಪ್ಯಾಟ್ರಿಕ್ ಬ್ಲ್ಯಾಕೆಟ್ 1920ರ ದಶಕದಲ್ಲಿ ಸಾರಜನಕದಲ್ಲಿ ಆಲ್ಫಾ ಕಣಗಳ 23,000ಕ್ಕೂ ಮಿಕ್ಕಿ ಚಿತ್ರ ತೆಗೆದರು. ಅವುಗಳಲ್ಲಿ ನಾಲ್ಕು ಲಕ್ಷಕ್ಕೂ ಹೆಚ್ಚು ಜಾಡುಗಳು. ಬೀಜಕೇಂದ್ರವೊಂದು ಆಲ್ಫಾ ಕಣವನ್ನು ನುಂಗಿ ಬೇರೆ ಧಾತುವಾಗಿ ಬದಲಾದದ್ದನ್ನು ತೋರಿಸುವ ಕವಲು ಸಿಕ್ಕಿದ್ದು ಎಂಟರಲ್ಲಿ ಮಾತ್ರ. ಎರಡನೆಯದು ಅಯಸ್ಕಾಂತ. ಬಲವಾದ ಕಾಂತಕ್ಷೇತ್ರದಲ್ಲಿ ಕಣದ ದಾರಿ ಬಾಗುತ್ತದೆ. ಎಡಕ್ಕೆ ಬಾಗಿತೋ ಬಲಕ್ಕೋ ಎಂಬುದರಿಂದ ವಿದ್ಯುದಂಶ ಧನವೋ ಋಣವೋ ಗೊತ್ತಾಗುತ್ತದೆ, ಎಷ್ಟು ಬಾಗಿತು ಎಂಬುದರಿಂದ ವೇಗ. ಆದರೆ ಮೇಲಿನಿಂದ ಬಂದ ಋಣ ಕಣವೂ ಕೆಳಗಿನಿಂದ ಬಂದ ಧನ ಕಣವೂ ಒಂದೇ ರೀತಿ ಬಾಗುತ್ತವಲ್ಲ? ಕ್ಯಾಲಿಫೋರ್ನಿಯದ ಕಾರ್ಲ್ ಆ್ಯಂಡರ್ಸನ್ ಪೆಟ್ಟಿಗೆಯ ನಡುವೆ ಆರು ಮಿಲಿಮೀಟರ್ ದಪ್ಪದ ಸೀಸದ ತಗಡನ್ನಿಟ್ಟರು. ಸೀಸವನ್ನು ತೂರಿ ಬಂದ ಕಣ ಬಸವಳಿದಿರುತ್ತದೆ, ಆದ್ದರಿಂದ ಆಚೆ ಬದಿಯಲ್ಲಿ ಹೆಚ್ಚು ಬಾಗುತ್ತದೆ. ದಿಕ್ಕು ಗೊತ್ತಾಯಿತು. 1932ರ ಆಗಸ್ಟ್ 2ರಂದು ಸಿಕ್ಕ ಒಂದು ಚಿತ್ರ ಎಲೆಕ್ಟ್ರಾನಿನಷ್ಟೇ ಹಗುರವಾದ ಧನ ಕಣದ್ದು. ಪಾಸಿಟ್ರಾನ್ ಸಿಕ್ಕಿದ್ದು ಹೀಗೆ. ನನಗೆ ಇಡೀ ಇತಿಹಾಸದಲ್ಲಿ ಅತ್ಯಂತ ಇಷ್ಟವಾದದ್ದು ಈ ಸೀಸದ ತಗಡು. ಬಿ.ಎಸ್ಸಿ.ಯಲ್ಲಿ ಅಂಕಕ್ಕಾಗಿ ಓದಿದಾಗ ಅದರ ಸೊಗಸು ಹೊಳೆದಿರಲಿಲ್ಲ.

ಮೂರನೆಯದು ಕಾವಲು. ಅದೇ 1932ರಲ್ಲಿ ಬ್ಲ್ಯಾಕೆಟ್ ಮತ್ತು ಇಟಲಿಯ ಒಕಿಯಾಲಿನಿ, ಪೆಟ್ಟಿಗೆಯ ಮೇಲೊಂದು ಕೆಳಗೊಂದು ಗೈಗರ್ ಕೌಂಟರ್ ಇಟ್ಟು, ಎರಡೂ ಒಟ್ಟಿಗೆ ಮಿಡಿದರೆ ಮಾತ್ರ ಪೆಟ್ಟಿಗೆ ಹಿಗ್ಗಿ ಚಿತ್ರ ತೆಗೆಯುವಂತೆ ಜೋಡಿಸಿದರು. ಎಂದರೆ ಕಣವೇ ತನ್ನ ಫೋಟೋ ತೆಗೆಸಿಕೊಳ್ಳತೊಡಗಿತು. ಅಲ್ಲಿಯವರೆಗೆ ಹೆಚ್ಚಿನ ಚಿತ್ರಗಳು ಖಾಲಿ; ಆಮೇಲೆ ಐದರಲ್ಲಿ ನಾಲ್ಕರಷ್ಟು ಚಿತ್ರಗಳಲ್ಲಿ ಜಾಡು.

ಈ ವಿದ್ಯೆ ನಮ್ಮ ನಾಡಿಗೆ ಬಂದ ಬಗೆಯೂ ಸ್ವಾರಸ್ಯದ್ದು. ಕಲ್ಕತ್ತದ ದೇವೇಂದ್ರ ಮೋಹನ ಬೋಸ್ 1914ರಲ್ಲಿ ಬರ್ಲಿನ್ನಿಗೆ ಓದಲು ಹೋದಾಗ ಮಹಾಯುದ್ಧ ಆರಂಭವಾಗಿ ಅಲ್ಲಿಯೇ ಸಿಕ್ಕಿಬಿದ್ದರು. ಆ ಬಂಧನದ ವರ್ಷಗಳಲ್ಲಿ ಅವರು ಮಾಡಿದ ಕೆಲಸವೆಂದರೆ ಹೊಸ ಮಾದರಿಯ ಕ್ಲೌಡ್ ಚೇಂಬರ್ ಕಟ್ಟಿದ್ದು. 1919ರಲ್ಲಿ ಡಾಕ್ಟರೇಟ್ ಪಡೆದು ಮರಳಿದರು. ಬೆಂಗಳೂರಿಗೆ ಇದನ್ನು ತಂದದ್ದು ಇನ್ನೊಂದು ಯುದ್ಧ. 1939ರಲ್ಲಿ ರಜೆಗೆಂದು ಭಾರತಕ್ಕೆ ಬಂದಿದ್ದ ಹೋಮಿ ಭಾಭಾ, ಯುದ್ಧದಿಂದಾಗಿ ಕೇಂಬ್ರಿಜ್‌ಗೆ ಹಿಂದಿರುಗಲಾಗದೆ ಭಾರತೀಯ ವಿಜ್ಞಾನ ಸಂಸ್ಥೆಯನ್ನು ಸೇರಿದರು. ಅಲ್ಲಿನ ಭೌತಶಾಸ್ತ್ರ ವಿಭಾಗ ಸರ್ ಸಿ. ವಿ. ರಾಮನ್ನರದು. ದೊರಾಬ್ಜಿ ಟಾಟಾ ಟ್ರಸ್ಟಿನ ನೆರವಿನಿಂದ ಅಲ್ಲಿ ವಿಶ್ವಕಿರಣ ಸಂಶೋಧನಾ ಘಟಕ ಶುರುವಾಯಿತು.

ವಿಶ್ವಕಿರಣ ಎಂದರೆ ಆಕಾಶದಿಂದ ಸದಾ ಸುರಿಯುವ ವಿಕಿರಣ. ಆಸ್ಟ್ರಿಯದ ವಿಕ್ಟರ್ ಹೆಸ್ 1912ರಲ್ಲಿ ಬಲೂನಿನಲ್ಲಿ 5 ಕಿಲೋಮೀಟರಿಗೂ ಮೇಲೆ ಏರಿ, ಮೇಲೆ ಹೋದಂತೆ ವಿಕಿರಣ ಹೆಚ್ಚುವುದನ್ನು ಅಳೆದು ಅದನ್ನು ಪತ್ತೆ ಮಾಡಿದ್ದರು. ಭೂಮಿಯ ಕಾಂತಪ್ರಭಾವ ಈ ಕಿರಣಗಳ ಮೇಲೆ ಹೇಗಿದೆ ಎಂದು ತಿಳಿಯಲು ಕಾಂತೀಯ ಸಮಭಾಜಕಕ್ಕೆ ಸಮೀಪದ ಬೆಂಗಳೂರು ಹೇಳಿ ಮಾಡಿಸಿದ ಜಾಗ. 1939-40ರ ಚಳಿಗಾಲದಲ್ಲಿ ಅಮೆರಿಕದ ರಾಬರ್ಟ್ ಮಿಲಿಕನ್ನರ ತಂಡ ಇಲ್ಲಿಂದ ಬಲೂನುಗಳನ್ನು ಹಾರಿಸಿತ್ತು. ಭಾಭಾ ಮೂಲತಃ ಕಾಗದ ಪೆನ್ಸಿಲಿನ ಸಿದ್ಧಾಂತಿ. ಅಂಥವರು ಬೆಂಗಳೂರಿನಲ್ಲಿ ಗೈಗರ್ ಕೌಂಟರುಗಳನ್ನು ಮಾಡಿಸಿ, 1944ರಲ್ಲಿ ಅಮೆರಿಕನ್ ವಾಯುಪಡೆಯ ವಿಮಾನದಲ್ಲಿ 30,000 ಅಡಿಯವರೆಗೆ ಕಳಿಸಿ ಅಳತೆ ಮಾಡಿದರು; ಆ ಕೆಲಸದಲ್ಲಿ ಜೊತೆಗಿದ್ದವರಲ್ಲಿ ಎಸ್. ವಿ. ಚಂದ್ರಶೇಖರ ಅಯ್ಯ ಒಬ್ಬರು. ಅದೇ ಸಂಸ್ಥೆಯಲ್ಲಿ ಬ್ಲ್ಯಾಕೆಟ್‌ರ ಮ್ಯಾಂಚೆಸ್ಟರ್ ಮಾದರಿಯಲ್ಲಿ 12 ಅಂಗುಲ ವ್ಯಾಸದ ಕ್ಲೌಡ್ ಚೇಂಬರ್ ಸಿದ್ಧವಾಯಿತು. ಮ್ಯಾಂಚೆಸ್ಟರಿನಲ್ಲಿ ಪಳಗಿ ಬಂದಿದ್ದ ಆರ್. ಎಲ್. ಸೇನ್‌ಗುಪ್ತ ಅದಕ್ಕೆ ನೆರವಾದರು. ಆಗ ಮೆಸೋಟ್ರಾನ್ ಎನ್ನುತ್ತಿದ್ದ, ಇಂದು ಮ್ಯೂಯಾನ್ ಎನ್ನುವ ಕಣ ವಸ್ತುವಿನಲ್ಲಿ ಹೇಗೆ ಚದುರುತ್ತದೆ ಎಂದು ನೋಡುವುದು ಉದ್ದೇಶ. ಸೊರಬದ ಮಕ್ಕಳು ಎಣಿಸಿದ ಉದ್ದನೆಯ ನೇರ ಗೆರೆಗಳಲ್ಲಿ ಬಹಳಷ್ಟು ಇದೇ ಕಣದವು. 1945ರ ಜೂನ್ 1ರಂದು ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ ಬೆಂಗಳೂರಿನಲ್ಲಿಯೇ ಆರಂಭವಾಗಿ, ವರ್ಷ ಮುಗಿಯುವುದರೊಳಗೆ ಮುಂಬಯಿಗೆ ಹೋಯಿತು. ಮುಂದೆ ಅದು ಉದಕಮಂಡಲದ ಎತ್ತರದಲ್ಲಿ, ಸಾಲಾಗಿ ಲೋಹದ ತಟ್ಟೆಗಳನ್ನು ಜೋಡಿಸಿದ ದೊಡ್ಡ ಕ್ಲೌಡ್ ಚೇಂಬರನ್ನು ನಡೆಸಿತು. ಬ್ಲ್ಯಾಕೆಟ್‌ರ ಪ್ರಯೋಗಾಲಯದಲ್ಲಿ ಈ ಯಂತ್ರದಿಂದಲೇ ಸಂಶೋಧನೆ ಮಾಡಿ ಬಂದ ವಿಭಾ ಚೌಧುರಿ 1949ರಲ್ಲಿ ಆ ಸಂಸ್ಥೆ ಸೇರಿದ ಮೊದಲ ಮಹಿಳಾ ಸಂಶೋಧಕಿ. ಬಹುಕಾಲ ಯಾರೂ ಅವರ ಹೆಸರೆತ್ತಲಿಲ್ಲ. 2019ರಲ್ಲಿ ಒಂದು ನಕ್ಷತ್ರಕ್ಕೆ ಅವರ ಹೆಸರಿಟ್ಟರು.

ನಂಜನಗೂಡಿನವರಾದ ಬಿ. ವಿ. ಶ್ರೀಕಂಠನ್ ಅವರ ಕೆಲಸ ನಮ್ಮ ಪ್ರಶ್ನೆಗೆ ಇನ್ನೂ ಹತ್ತಿರದ್ದು. ಭಾಭಾರ ಸೂಚನೆಯಂತೆ 1951ರಲ್ಲಿ ಅವರು ಕೋಲಾರದ ಚಿನ್ನದ ಗಣಿಗೆ ಇಳಿದರು. ಆಕಾಶದ ಕಣಗಳನ್ನು ಹುಡುಕಲು ನೆಲದೊಳಕ್ಕೆ ಹೋಗುವುದೆಂದರೆ ವಿಚಿತ್ರವಾಗಿ ಕಾಣಬಹುದು. ಮೇಲಿನ ಬಂಡೆ ಎಷ್ಟು ದಪ್ಪವಿದ್ದರೆ ಎಷ್ಟು ಕಣ ನಿಲ್ಲುತ್ತದೆ ಎಂಬ ಲೆಕ್ಕ ಅಲ್ಲಿ ಸಿಗುತ್ತದೆ. ಹಂತಹಂತವಾಗಿ ಇಳಿದು ಅಳೆದರು. 1960ರ ದಶಕದ ಆರಂಭದಲ್ಲಿ, ಅತ್ಯಂತ ಆಳದ ಒಂದು ನೆಲೆಯಲ್ಲಿ ಸುಮಾರು ಎರಡು ತಿಂಗಳು ಕೌಂಟರ್ ಇಟ್ಟರೂ ಒಂದೇ ಒಂದು ಮ್ಯೂಯಾನ್ ಬರಲಿಲ್ಲ. ಶಿಕಾರಿಪುರದಲ್ಲಿ ನಮಗೂ ಏನೂ ಕಾಣಲಿಲ್ಲ, ಕೋಲಾರದಲ್ಲಿ ಅವರಿಗೂ ಏನೂ ಕಾಣಲಿಲ್ಲ. ನಮ್ಮದು ಕೆಟ್ಟ ಪೆಟ್ಟಿಗೆ. ಅವರ ಕೌಂಟರ್ ಮೇಲಿನ ಹಂತಗಳಲ್ಲಿ ಎಷ್ಟು ಎಣಿಸಿತ್ತು, ಸರಿಯಿದ್ದರೆ ಇಲ್ಲಿ ಎಷ್ಟನ್ನು ಎಣಿಸಬೇಕಿತ್ತು ಎಂಬುದೆಲ್ಲ ದಾಖಲಾಗಿತ್ತು. ಆದ್ದರಿಂದ ಅವರ ಸೊನ್ನೆ ಒಂದು ಅಳತೆ. ಅಷ್ಟು ನಿಶ್ಶಬ್ದವಾದ ಜಾಗದಲ್ಲಿ, ಬಂಡೆಯನ್ನೂ ಲೆಕ್ಕಿಸದೆ ತೂರುವ ನ್ಯೂಟ್ರಿನೋವನ್ನು ಹುಡುಕಬಹುದೆಂದು ಹೊಳೆಯಿತು. 1965ರಲ್ಲಿ, ಜಪಾನಿನ ಒಸಾಕಾ ಮತ್ತು ಇಂಗ್ಲೆಂಡಿನ ಡರ್ಹ್ಯಾಮ್ ವಿಶ್ವವಿದ್ಯಾಲಯಗಳ ಜೊತೆಗೂಡಿ, ವಾತಾವರಣದಲ್ಲಿ ಹುಟ್ಟಿದ ನ್ಯೂಟ್ರಿನೋಗಳ ಗುರುತನ್ನು ಅಲ್ಲಿ ಹಿಡಿದರು. ಅದೇ ವರ್ಷ ದಕ್ಷಿಣ ಆಫ್ರಿಕದ ಗಣಿಯೊಂದರಲ್ಲಿ ಇನ್ನೊಂದು ತಂಡವೂ ಹಿಡಿಯಿತು. ಆ ಹೊತ್ತಿಗೆ ಕ್ಲೌಡ್ ಚೇಂಬರಿನ ಕಾಲ ಮುಗಿಯುತ್ತ ಬಂದಿತ್ತು. 1952ರಲ್ಲಿ ಡೊನಾಲ್ಡ್ ಗ್ಲೇಸರ್ ಮಾಡಿದ ಗುಳ್ಳೆಗಳ ಪೆಟ್ಟಿಗೆ, ಆಮೇಲೆ ವಿದ್ಯುನ್ಮಾನ ಸಾಧನಗಳು ಅದರ ಜಾಗ ಹಿಡಿದವು. ಕೋಲಾರದ ಆಳದಲ್ಲಿ ಕಣದ ದಾರಿಯನ್ನು ತೋರಿಸಿದ್ದು ಹೊಳೆಯುವ ನಿಯಾನ್ ಕೊಳವೆಗಳು. ಗಣಿಯೇ 2001ರಲ್ಲಿ ಮುಚ್ಚಿತು.

ಈಗ ಸೊರಬದ ಕೋಣೆಗೆ. ಹಿರಿಯರ ಪ್ರಶ್ನೆಗೆ ನಮ್ಮ ಉಪನ್ಯಾಸಕರು ಮೊದಲು ಬಾಯಲ್ಲಿ ಉತ್ತರ ಕೊಡಲಿಲ್ಲ. ಹಳೆಯ ಗ್ಯಾಸ್‌ಲೈಟಿನ ಮ್ಯಾಂಟಲ್ ಒಂದನ್ನು ಚಿಮಟಿಗೆಯಲ್ಲಿ ಹಿಡಿದು ಪೆಟ್ಟಿಗೆಯೊಳಗೆ ಇಟ್ಟರು. ಮದುವೆ ಮನೆಯಲ್ಲಿ, ಬಯಲಾಟದ ರಂಗದಲ್ಲಿ ರಾತ್ರಿಯಿಡೀ ಉರಿಯುತ್ತಿದ್ದ ಆ ದೀಪದ ಬಿಳುಪಿಗೆ ಕಾರಣ ಥೋರಿಯಂ ಆಕ್ಸೈಡ್. ಆಸ್ಟ್ರಿಯದ ವೆಲ್ಸ್‌ಬಾಖ್ 1891ರಲ್ಲಿ ಕಂಡುಕೊಂಡ ಪಾಕ: ನೂರಕ್ಕೆ 99 ಪಾಲು ಥೋರಿಯಂ, ಒಂದು ಪಾಲು ಸೀರಿಯಂ. ತಿರುವಾಂಕೂರಿನ ಕಡಲ ಮರಳಿನಲ್ಲಿ ಥೋರಿಯಂ ಇರುವುದನ್ನು 1909ರಲ್ಲಿ ಜರ್ಮನರು ಪತ್ತೆ ಮಾಡಿದಾಗ ಅದಕ್ಕೆ ಬೇಡಿಕೆ ಹುಟ್ಟಿದ್ದೂ ಈ ಮ್ಯಾಂಟಲಿಗಾಗಿಯೇ. ಮ್ಯಾಂಟಲ್ ಇಟ್ಟ ತಕ್ಷಣ ಅದರ ಸುತ್ತ ಗಿಡ್ಡನೆಯ, ದಪ್ಪನೆಯ ಗೆರೆಗಳು ಮುಳ್ಳುಹಂದಿಯ ಮುಳ್ಳಿನಂತೆ ಎದ್ದವು. ಆಲ್ಫಾ ಕಣಗಳು. "ಇದು ನಮ್ಮ ಚಪ್ಪರದಲ್ಲೇ ನೇತಾಡ್ತಿತ್ತಲ್ಲಾ!" ಎಂದು ಯಾರೋ ಉದ್ಗರಿಸಿದರು. ಹಾಗೆಂದು ಮ್ಯಾಂಟಲನ್ನು ಪುಡಿ ಮಾಡಿ ಆಡಬಾರದು, ಅದರ ದೂಳು ಉಸಿರಿನೊಳಕ್ಕೆ ಹೋಗಬಾರದು ಎಂದು ಉಪನ್ಯಾಸಕರು ಎಚ್ಚರಿಸಿದರು. ಈಚಿನ ಮ್ಯಾಂಟಲುಗಳಲ್ಲಿ ಎಷ್ಟೋ ತಯಾರಕರು ಥೋರಿಯಂ ಬಿಟ್ಟಿದ್ದಾರೆ.

ಆಮೇಲೆ ಅದನ್ನು ಹೊರತೆಗೆದರು. ಮುಳ್ಳುಗಳು ಮಾಯವಾದವು, ಎಳೆಗಳು ಉಳಿದವು. ಉಳಿದವು ಎಲ್ಲಿಯವು? ಕೆಲವು ಆಕಾಶದ ಮ್ಯೂಯಾನುಗಳು. ನೆಲಮಟ್ಟದಲ್ಲಿ ಪ್ರತಿ ಚದರ ಸೆಂಟಿಮೀಟರಿಗೆ ನಿಮಿಷಕ್ಕೆ ಸುಮಾರು ಒಂದರಂತೆ ಅವು ನಮ್ಮೆಲ್ಲರ ಮೂಲಕ ಹಾಯುತ್ತಲೇ ಇವೆ. ಕೆಲವು ಕಲ್ಲು, ಮಣ್ಣು, ಗೋಡೆಗಳಿಂದ ಬರುವ ವಿಕಿರಣದವು. ಕೆಲವು ನೆಲದಿಂದ ಗಾಳಿಗೆ ಬೆರೆಯುವ ರೇಡಾನ್ ಅನಿಲದ ಸಂತಾನ. ನಮ್ಮ ಮೈಯಲ್ಲಿರುವ ಪೊಟ್ಯಾಸಿಯಂ ಒಂದರಿಂದಲೇ ಸೆಕೆಂಡಿಗೆ ನಾಲ್ಕು ಸಾವಿರಕ್ಕೂ ಹೆಚ್ಚು ಪರಮಾಣುಗಳು ಸಿಡಿಯುತ್ತಿವೆ. ಶಾತವಾಹನರ, ಕದಂಬರ ಕಾಲದಲ್ಲಿ ಯಾರಾದರೂ ತಾಳಗುಂದದಲ್ಲಿ ಇಂಥ ಪೆಟ್ಟಿಗೆ ಇಟ್ಟಿದ್ದರೆ ಇಂಥವೇ ಗೆರೆಗಳನ್ನು ಕಾಣುತ್ತಿದ್ದರು.

ಕೋಣೆಯಲ್ಲಿ ನೆಮ್ಮದಿಯ ಉಸಿರು ಕೇಳಿಸಿತು. ಕಾರ್ಯಕ್ರಮದಲ್ಲಿ ನೀವು ನೋಡಿದ ಉತ್ತರ ಇಲ್ಲಿಗೆ ನಿಲ್ಲುತ್ತದೆ. ನಾನು ಕತ್ತರಿಸಿದ್ದು ಮುಂದಿನ ಭಾಗವನ್ನು. ಅದನ್ನು ಕತ್ತರಿಸಬಾರದಿತ್ತೆಂದು ಆಮೇಲೆ ಅನಿಸಿತು.

ಉಪನ್ಯಾಸಕರು ಮುಂದುವರಿಸಿ ಹೇಳಿದ್ದು ಇದು: ಈ ಗೆರೆಗಳು ಕೈಗಾದವು ಎನ್ನಲು ಪೆಟ್ಟಿಗೆ ಪುರಾವೆ ಕೊಡುವುದಿಲ್ಲ, ಹಾಗೆಯೇ, ಕೈಗಾದಿಂದ ಏನೂ ಬರುವುದಿಲ್ಲ ಎನ್ನಲಿಕ್ಕೂ ಕೊಡುವುದಿಲ್ಲ. 2009ರ ನವೆಂಬರಿನಲ್ಲಿ ಕೈಗಾ ಸ್ಥಾವರದ ಒಳಗೆ ಕುಡಿಯುವ ನೀರಿನ ಕೂಲರಿಗೆ ಟ್ರಿಟಿಯಂ ಬೆರೆತ ನೀರು ಸೇರಿ ಐವತ್ತಕ್ಕೂ ಹೆಚ್ಚು ಕೆಲಸಗಾರರ ದೇಹವನ್ನು ಹೊಕ್ಕಿತ್ತು. ಒಳಗಿನವರೇ ಯಾರೋ ಬೇಕೆಂದು ಬೆರೆಸಿದ್ದು ಎಂದು ಅಧಿಕಾರಿಗಳು ಹೇಳಿದರು. ಟ್ರಿಟಿಯಂ ಜಲಜನಕದ ವಿಕಿರಣಪಟು ರೂಪ. ಅದು ಹೊರಬಿಡುವ ಬೀಟಾ ಕಣ ಎಷ್ಟು ದುರ್ಬಲವೆಂದರೆ ಗಾಳಿಯಲ್ಲಿ ಕೆಲವು ಮಿಲಿಮೀಟರು ಸಾಗುವಷ್ಟರಲ್ಲಿ ಮುಗಿಯುತ್ತದೆ. ಗಾಜಿನ ಲೋಟವನ್ನು ದಾಟುವುದಿಲ್ಲ. ಆ ನೀರಿನ ಲೋಟವನ್ನು ನಮ್ಮ ಪೆಟ್ಟಿಗೆಯ ಪಕ್ಕದಲ್ಲಿಟ್ಟಿದ್ದರೆ ಒಂದು ಗೆರೆಯೂ ಹೆಚ್ಚಾಗುತ್ತಿರಲಿಲ್ಲ. ಅದು ಸಿಕ್ಕಿಬಿದ್ದದ್ದು ಕೆಲಸಗಾರರ ಮೂತ್ರಪರೀಕ್ಷೆಯಲ್ಲಿ, ಆ ಪರೀಕ್ಷೆ ನಿಯಮಿತವಾಗಿ ನಡೆಯುತ್ತಿದ್ದುದರಿಂದ.

ಹಾಗಾದರೆ ಉತ್ತರ ಸಿಗುವುದು ಹೇಗೆ? ಆ್ಯಂಡರ್ಸನ್ನರ ಸೀಸದ ತಗಡಿನಂತೆ, ಇದು ಇಲ್ಲಿಯದೋ ಅಲ್ಲಿಯದೋ ಎಂದು ಬೇರ್ಪಡಿಸುವ ಉಪಾಯ ಬೇಕು. ಸ್ಥಾವರ ಶುರುವಾಗುವ ಮೊದಲು ಸುತ್ತಲಿನ ನೀರು, ಮಣ್ಣು, ಹಾಲು, ಮೀನುಗಳಲ್ಲಿ ಏನೆಷ್ಟಿತ್ತು ಎಂದು ಅಳೆದಿಟ್ಟು, ಶುರುವಾದ ಮೇಲೆ ಅದೇ ಜಾಗದಲ್ಲಿ ಅದೇ ವಿಧಾನದಲ್ಲಿ ಅಳೆಯುತ್ತ ಹೋಗಬೇಕು. ನಿಸರ್ಗದಲ್ಲಿ ಇಲ್ಲದ, ಸ್ಥಾವರದಲ್ಲಿ ಮಾತ್ರ ಹುಟ್ಟುವ ಧಾತುಗಳನ್ನು ಹೆಸರು ಹಿಡಿದು ಹುಡುಕಬೇಕು. ಅಣುಶಕ್ತಿ ಇಲಾಖೆಯ ಪರಿಸರ ಸಮೀಕ್ಷಾ ಪ್ರಯೋಗಾಲಯ ಕೈಗಾದಲ್ಲಿ ಈ ಕೆಲಸಕ್ಕಾಗಿಯೇ ಇದೆ. ಅಂಕಿ-ಅಂಶಗಳೂ ಹೊರಬರುತ್ತವೆ ಎಂದು ಉಪನ್ಯಾಸಕರು ವಿವರಿಸಿದರು.

ಹಿರಿಯರು ಗಮನವಿಟ್ಟು ಕೇಳಿದರು. ಕೊನೆಗೆ, "ಅಳೆಯೋದು ಅವರ ಕಡೆಯವರೇ ಅಲ್ವಾ?" ಎಂದರು. ದನಿಯಲ್ಲಿ ಜಗಳವಿರಲಿಲ್ಲ. ಗದ್ದೆಯ ಗಡಿ ಅಳತೆಗೆ ಬಂದ ಸರ್ವೆಯರನ್ನು ಕೇಳುವ ದನಿ.

ಉಪನ್ಯಾಸಕರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹೌದು, ಅವರೇ" ಎಂದರು. ವಿಶ್ವವಿದ್ಯಾಲಯಗಳವರೂ ಅಳೆಯಬಹುದು, ಅಳೆಯುವ ವಿದ್ಯೆಯಲ್ಲಿ ಗುಟ್ಟೇನೂ ಇಲ್ಲ, ಈ ಕೋಣೆಯಲ್ಲಿರುವ ಮಕ್ಕಳಲ್ಲೇ ಯಾರಾದರೂ ಕಲಿಯಬಹುದು ಎಂದೂ ಸೇರಿಸಿದರು. ಹಿರಿಯರು ತಲೆಯಾಡಿಸಿ ಕೂತರು. ಒಪ್ಪಿದರೋ ಇಲ್ಲವೋ ಮುಖದಿಂದ ತಿಳಿಯಲಿಲ್ಲ. ನಮ್ಮ ಛಾಯಾಗ್ರಾಹಕರು ಆ ಮುಖವನ್ನು ಪೂರ್ತಿ ಒಂದು ನಿಮಿಷ ಹಿಡಿದಿದ್ದಾರೆ. ಮರುಪ್ರಸಾರದ ಹೊತ್ತಿಗೆ ಆ ನಿಮಿಷವನ್ನೂ ಅದಕ್ಕೆ ಮುಂಚಿನ ಮಾತುಗಳನ್ನೂ ಕಾರ್ಯಕ್ರಮಕ್ಕೆ ಸೇರಿಸಬೇಕೆಂದಿದ್ದೇನೆ. ಅದಕ್ಕಾಗಿ ನನ್ನದೇ ಪೀಠಿಕೆಯ ಮಾತುಗಳನ್ನು ತೆಗೆದರಾಯಿತು.

ನಾವು ಸಾಮಾನು ಕಟ್ಟುವಾಗ ಸಂಜೆ ಐದಾಗಿತ್ತು. ತಟ್ಟೆಯ ಕೆಳಗೆ ಡ್ರೈ ಐಸ್ ಇನ್ನೂ ಎರಡು ತುಂಡು ಉಳಿದಿತ್ತು. ಇಬ್ಬರು ಹುಡುಗಿಯರು ಟಾರ್ಚು ಹಿಡಿದು ಪೆಟ್ಟಿಗೆಯ ಮುಂದೆ ಕೂತೇ ಇದ್ದರು. ಒಬ್ಬಳು ಗಡಿಯಾರ ನೋಡುತ್ತಿದ್ದಳು. ಇನ್ನೊಬ್ಬಳು ನೋಟ್‌ಬುಕ್ಕಿನಲ್ಲಿ ಪ್ರತಿ ನಿಮಿಷಕ್ಕೆ ಎಷ್ಟು ಗೆರೆ ಎಂದು ಸಾಲು ಎಳೆದು ಬರೆಯುತ್ತಿದ್ದಳು, ಉದ್ದದ್ದಕ್ಕೆ ಒಂದು ಕಾಲಂ, ಗಿಡ್ಡದ್ದಕ್ಕೆ ಇನ್ನೊಂದು.